ಬೀಗತಿಯನ್ನು ಬೈದ ವಿಡಿಯೋ

ನಮ್ಮವ್ವನ ಬಾಯಿ ಭಾಳ ಕೆಟ್ಟದ್ದು. ಇದನ್ನು ನಾನು ಹೆಮ್ಮೆಯಿಂದಲೇ ಹೇಳುತ್ತಿದ್ದೇನೆ. ಹುನ್ನೂರಿನಲ್ಲಿ ಯಾರ ಮನೆಯಲ್ಲಿ ಮದುವೆ ನಿಶ್ಚಯವಾದರೂ, ಮಂಟಪ ಗೊತ್ತು ಮಾಡಿ, ಅಡುಗೆಯವರಿಗೆ ಹೇಳಿ, ಆಮೇಲೆ ನಮ್ಮ ಮನೆಗೆ ಬರುತ್ತಿದ್ದರು. ಕಟ್ಟೆಯ ಮೇಲೆ ಕೂತು, ಚಹಾ ಕುಡಿದು, ಅವ್ವನಿಗೆ ಕುಂಕುಮ ಹಚ್ಚಿ, "ಯಕ್ಕಾ, ಬಂದು ನಮ್ಮ ಬೀಗರಿಗೆ ನಾಕು ಮಾತು ಬೈದು ಹೋಗ" ಎಂದು ಕರೆಯುತ್ತಿದ್ದರು. ಅವ್ವ ಮೊದಲು ಒಲ್ಲೆ ಅನ್ನುವಳು. ಗಂಟಲು ಸರಿಯಿಲ್ಲ, ಮೊಣಕಾಲು ನೋವು, ಈಗಿನವರಿಗೆ ಇದೆಲ್ಲ ಎಲ್ಲಿ ಬೇಕು ಎಂದು ಬಿಂಕ ಮಾಡುವಳು. ಆದರೆ ಅವರು ಗೇಟು ದಾಟುವುದರೊಳಗೆ ಬೀಗರ ಊರು ಯಾವುದು, ಬೀಗ ದಪ್ಪನೋ ಸಣಕನೋ, ಬೀಗತಿ ಮಾತಾಳಿಯೋ ಮೌನಿಯೋ ಎಂದು ಎಲ್ಲ ಕೇಳಿ ಇಟ್ಟುಕೊಂಡಿರುತ್ತಿದ್ದಳು.

ನಮ್ಮ ಕಡೆಯ ಮದುವೆಗಳಲ್ಲಿ ಗಂಡಿನ ಕಡೆಯವರು ಊಟಕ್ಕೆ ಕೂತಾಗ ಹೆಣ್ಣಿನ ಕಡೆಯ ಹೆಂಗಸರು ಎದುರು ನಿಂತು ಹಾಡಿನಲ್ಲಿ ಅವರ ಮಾನ ಕಳೆಯಬೇಕು. ಮೂಗು, ಹೊಟ್ಟೆ, ನಡಿಗೆ, ಜಿಪುಣತನ ಯಾವುದನ್ನೂ ಬಿಡಬಾರದು. ಬೈಸಿಕೊಂಡವರು ತುತ್ತು ನಿಲ್ಲಿಸದೆ ಉಣ್ಣಬೇಕು. ಬೈಯದೆ ಸುಮ್ಮನೆ ನೀಡಿ ಕಳಿಸಿದರೆ, "ಎಂಥಾ ಮಂದಿ, ಬಾಯಿ ತುಂಬ ಬೈಲೂ ಇಲ್ಲ" ಎಂದು ಬೀಗರು ಮುಖ ಊದಿಸಿಕೊಂಡು ಹೋಗುತ್ತಾರೆ. ಹೊರಗಿನವರಿಗೆ ಇದು ಅರ್ಥವಾಗಲಿಕ್ಕಿಲ್ಲ. ಆಗದಿದ್ದರೆ ಬಿಡಲಿ, ಅರ್ಥವಾಗದವರು ನಮ್ಮ ಮದುವೆಯ ನಡುವೆ ಬಂದು ತೀರ್ಪು ಕೊಡದಿದ್ದರೆ ಸಾಕು. ಒಂದು ವರ್ಷ ನಮ್ಮ ಮನೆಯಲ್ಲಿ ಆದದ್ದು ಅದೇ.

ತಂಗಿಯ ಮದುವೆ ಜಮಖಂಡಿಯಲ್ಲಿ, ಒಂದು ಬೇಸಿಗೆಯಲ್ಲಿ ಆಯಿತು. ಗಂಡು ಗಲಗಲಿಯವನು. ಹೊಳೆದಂಡೆಯ ಹೊಲ, ದೊಡ್ಡ ಮನೆ, ಮೈಮುರಿದು ಕೆಲಸ ಮಾಡುವ ಜನ. ಮದುವೆ ಈಗಿನ ಮದುವೆಗಳಂತೆಯೇ ನಡೆಯಿತು. ಅರಿಷಿಣದ ದಿನ ಹಿಂದಿ ಸಿನಿಮಾ ಹಾಡಿಗೆ ಹುಡುಗಿಯರೆಲ್ಲ ಹಳದಿ ಬಟ್ಟೆ ತೊಟ್ಟು ಕುಣಿದರು, ಡ್ರೋನ್ ಕ್ಯಾಮೆರಾ ತಲೆಯ ಮೇಲೆ ಗುಂಯ್‌ಗುಟ್ಟಿ ನಮ್ಮ ಚಿಕ್ಕವ್ವನ ಸೆರಗು ಹಾರಿಸಿತು, ಡೀಜೆಯ ಸದ್ದಿಗೆ ನನ್ನ ಎದೆ ದಡದಡ ಅಂದಿತು. ನಾನು ಜಮಖಂಡಿಯ ಒಂದು ಬ್ಯಾಂಕಿನಲ್ಲಿ ಕೆಲಸ ಮಾಡುವವಳು, ಇಡೀ ದಿನ ಜನರ ಗದ್ದಲದಲ್ಲೇ ಇರುವವಳು, ಆದರೂ ಕಿವಿಗೆ ಹತ್ತಿ ಇಟ್ಟುಕೊಳ್ಳಬೇಕಾಯಿತು.

ಬೀಗರ ಪಂಕ್ತಿ ಕೂತಾಗ ಡೀಜೆಯವನು ಊಟಕ್ಕೆ ಎದ್ದು ಹೋಗಿದ್ದ. ಅವ್ವ ಅದನ್ನೇ ಕಾಯುತ್ತಿದ್ದಳೆಂದು ಕಾಣುತ್ತದೆ. ಸೆರಗು ಸೊಂಟಕ್ಕೆ ಸಿಕ್ಕಿಸಿ, ಚಿಕ್ಕವ್ವನನ್ನು ಜೊತೆಗೆ ಎಳೆದುಕೊಂಡು, ತಂಗಿಯ ಅತ್ತೆಯ ಎದುರಿಗೇ ಹೋಗಿ ನಿಂತಳು. ಆ ನಮ್ಮ ಬೀಗತಿಯೋ, ಎತ್ತರದ ಆಳು. ನಗುವುದು ಕಡಿಮೆ. ಮಾತುಕತೆಗೆ ಬಂದ ದಿನದಿಂದ ಅವರನ್ನು ಕಂಡರೆ ನಮ್ಮ ಮನೆಯ ಗಂಡಸರಿಗೆಲ್ಲ ಸ್ವಲ್ಪ ಅಂಜಿಕೆ. ಅವ್ವನಿಗೆ ಯಾವ ಅಂಜಿಕೆ?

"ಗಲಗಲಿ ಬೀಗತಿಯ ಗತ್ತೇನು ಗತ್ತ,
ಮೂಗಿನ ಮ್ಯಾಲ ಮುತ್ತಿನ ನತ್ತ,
ಮೂಗರ ಏನು, ಬದನಿಕಾಯಿ ಮತ್ತ!"

ಪಂಕ್ತಿ ಪೂರ್ತಿ ಹೋ ಎಂದಿತು. ಬೀಗತಿಯ ಮುಖದಲ್ಲಿ ಒಂದು ಗೆರೆಯೂ ಅಲ್ಲಾಡಲಿಲ್ಲ. ಹೋಳಿಗೆ ಮುರಿದು ತುಪ್ಪದಲ್ಲಿ ಅದ್ದಿ ಬಾಯಿಗಿಟ್ಟುಕೊಂಡರು. ಅವ್ವ ಬಿಡಲಿಲ್ಲ.

"ಬೀಗರು ಉಂಡದ್ದು ಬುಟ್ಟಿ ಹೋಳಿಗಿ,
ತುಪ್ಪಕ ಕೈ ಚಾಚತಾರ ಗಳಿಗಿ ಗಳಿಗಿ,
ಏಳಂದ್ರ ಹುಡಕತಾರ ಮನಿಗೊಯ್ಯೊ ಗಡಿಗಿ!"

ಆಗ ಬೀಗತಿ ತಲೆ ಎತ್ತಿ ನಮ್ಮ ಚಿಕ್ಕವ್ವನಿಗೆ, "ಇಷ್ಟ ಏನ್ರಿ? ನಿಮ್ಮೂರಾಗ ಬೈಗಳಕ್ಕೂ ಬರಗಾಲ ಬಿದ್ದೈತೇನು?" ಎಂದು ಕೇಳಿದರು. ಅವ್ವನಿಗೆ ಅಷ್ಟು ಸಾಕಾಯಿತು. ಬೀಗತಿ ಪಾಯಸ ಕುಡಿದು ಕೈ ತೊಳೆಯುವವರೆಗೂ ಹಾಡಿದಳು. ನಾನು ಅದನ್ನೆಲ್ಲ ಫೋನಿನಲ್ಲಿ ಹಿಡಿದೆ. ಮದುವೆಯ ಗಲಾಟೆ ಮುಗಿದ ವಾರ, ಅವ್ವನ ಹಳೆಯ ಹಾಡುಗಳನ್ನು ಹಾಕಲೆಂದು ನಾನೇ ಮಾಡಿಕೊಟ್ಟಿದ್ದ ಚಾನೆಲ್ಲಿಗೆ ಅದನ್ನೂ ಹಾಕಿದೆ.

ಅದು ಹಬ್ಬಿದ ಬಗೆ ನೋಡಿ ನನಗೇ ದಿಗಿಲಾಯಿತು. ಮುಧೋಳ, ಬೀಳಗಿ, ರಬಕವಿ ಕಡೆಯವರೆಲ್ಲ ನೋಡಿದರು, ಸಾಂಗ್ಲಿ, ಪುಣೆಯಲ್ಲಿರುವ ನಮ್ಮ ಕಡೆಯವರು ನೋಡಿದರು. "ನಮ್ಮ ಅಜ್ಜಿ ಹಿಂಗ ಹಾಡತಿದ್ಲು" ಎಂದು ಯಾರೋ ಬರೆದಿದ್ದರು. ಲೋಕಾಪುರದ ಬಸ್‌ಸ್ಟ್ಯಾಂಡಿನಲ್ಲಿ ಒಬ್ಬ ಕಂಡಕ್ಟರ್ ಅವ್ವನ ಗುರುತು ಹಿಡಿದು, "ಬೈಯೂ ಅವ್ವಾರ, ಬರ್ರಿ, ಮುಂದ ಕುಂಡ್ರಿ" ಎಂದು ಸೀಟು ಕೊಡಿಸಿದ. ಅವ್ವ ಮೂರು ಹೊತ್ತೂ, "ಏನ ಬರದಾರ, ಓದ" ಎಂದು ಬೆನ್ನು ಹತ್ತುತ್ತಿದ್ದಳು. ಗಲಗಲಿಯಲ್ಲಂತೂ ಬೀಗತಿಯ ಠೀವಿಯೇ ಬೇರೆಯಾಗಿತ್ತಂತೆ. ಗಿರಣಿಗೆ ಹೋದರೆ ಅಲ್ಲಿ, ಗುಡಿಗೆ ಹೋದರೆ ಅಲ್ಲಿ, ಸೊಸೆಯ ಕೈಯಿಂದ ಫೋನಿನಲ್ಲಿ ವಿಡಿಯೋ ಹಚ್ಚಿಸಿ, "ನೋಡ್ರಿ, ನಮ್ಮ ಬೀಗರು ನನ್ನ ಹ್ಯಾಂಗ ಬೈದಾರ" ಎಂದು ತೋರಿಸುತ್ತಿದ್ದರಂತೆ. ತಂಗಿ ಇದನ್ನು ನಗುತ್ತ ಹೇಳಿದಾಗ ನನಗೆ ಜೀವ ತಣ್ಣಗಾಯಿತು. ಹೊಸ ಮನೆಯಲ್ಲಿ ಅವಳ ಕಾಲು ಊರಿತು ಎಂದುಕೊಂಡೆ.

ಮಳೆ ಹಿಡಿದ ಹೊತ್ತಿನಲ್ಲಿ ವಿಡಿಯೋ ಮಾಯವಾಯಿತು. ಅದರ ಜಾಗದಲ್ಲಿ ಒಂದು ಬೂದು ಪಟ್ಟಿ. ನಿಂದನೆ ಮತ್ತು ಕಿರುಕುಳದ ಕಾರಣಕ್ಕೆ ತೆಗೆದುಹಾಕಲಾಗಿದೆ, ಇನ್ನೊಮ್ಮೆ ಹೀಗಾದರೆ ಚಾನೆಲ್ಲನ್ನೇ ಮುಚ್ಚಲಾಗುವುದು ಎಂಬ ಒಕ್ಕಣೆ. ನನಗೆ ಮೈಯೆಲ್ಲ ಉರಿಯಿತು. ಪುನಃ ಪರಿಶೀಲಿಸಿ ಎಂದು ಕೇಳುವ ಗುಂಡಿ ಒಂದಿತ್ತು, ಒತ್ತಿದೆ. ಇದು ನಮ್ಮ ಕಡೆಯ ಪದ್ಧತಿ, ಬೈಸಿಕೊಂಡವರೇ ಇನ್ನೂ ಬೈಯಿರಿ ಅಂದಿದ್ದಾರೆ, ಅದೂ ವಿಡಿಯೋದಲ್ಲೇ ಇದೆ ಎಂದು ವಿವರಿಸಿ ಬರೆದೆ. ಚಹಾ ಕುಡಿದು ಲೋಟ ತೊಳೆದಿಡುವುದರೊಳಗೆ ಉತ್ತರ ಬಂತು: ಪರಿಶೀಲಿಸಿದ್ದೇವೆ, ನಿರ್ಧಾರದಲ್ಲಿ ಬದಲಾವಣೆ ಇಲ್ಲ. ಯಾರು ಪರಿಶೀಲಿಸಿದರು? ಅವರಿಗೆ ಹುನ್ನೂರು ಯಾವ ದಿಕ್ಕಿಗೆ ಬರುತ್ತದೆಂದು ಗೊತ್ತೇ? ಅದೇ ಫೋನಿನಲ್ಲಿ, ಅದೇ ದಿನ, ಸಿನಿಮಾದ ಹೀರೋ ಒಬ್ಬ ಕೊಡಲಿ ಹಿಡಿದು ಕಂಡಕಂಡವರನ್ನು ಕೊಚ್ಚುವ ತುಣುಕು ನಾನು ಕೇಳದಿದ್ದರೂ ಮೇಲೆ ಬರುತ್ತಿತ್ತು. ಹುಡುಗಿಯ ಸೊಂಟದ ಬಗ್ಗೆ ಹೇಳಬಾರದ್ದನ್ನೆಲ್ಲ ಹೇಳುವ ಹಾಡಿಗೆ ನಮ್ಮ ಓಣಿಯ ಚಿಕ್ಕ ಮಕ್ಕಳು ಕುಣಿಯುತ್ತಿದ್ದವು. ಅದಕ್ಕೆಲ್ಲ ದಾರಿ ಬಿಟ್ಟವರು, ನಮ್ಮವ್ವ ಬೀಗತಿಯ ಮೂಗಿಗೆ ಬದನೆಕಾಯಿ ಅಂದದ್ದನ್ನು ಹಿಡಿದು ನಿಲ್ಲಿಸಿದ್ದರು.

"ಕಿರುಕುಳ ಅಂದ್ರ ಏನ?" ಎಂದು ಅವ್ವ ಕೇಳಿದಳು.

"ಇನ್ನೊಬ್ಬರಿಗೆ ತ್ರಾಸ ಕೊಡೂದು ಬೇ."

"ಯಾರಿಗೆ ತ್ರಾಸ ಕೊಟ್ಟೇನಿ ನಾ?"

ಯಾರಿಗೂ ಇಲ್ಲ, ಅದನ್ನು ಯಂತ್ರ ತಾನೇ ತೆಗೆದಿದೆ ಎಂದು ಹೇಳಿದೆ. ಅವಳು ನಂಬಲಿಲ್ಲ. ಮರುದಿನ ಮೊಬೈಲ್ ಅಂಗಡಿಯವನನ್ನು ಕೇಳಿಕೊಂಡು ಬಂದಳು. ಆ ಪುಣ್ಯಾತ್ಮ, "ಯಾರರ ಕಂಪ್ಲೇಂಟ್ ಕೊಟ್ಟಿರಬೇಕ್ರಿ, ಸುಮ್ಮ ಸುಮ್ಮನ ತಗಿಯೂದಿಲ್ಲ" ಎಂದು ಹೇಳಿ ಕಳಿಸಿದ್ದ. ಅಲ್ಲಿಗೆ ಅವ್ವನ ಲೆಕ್ಕ ಮುಗಿಯಿತು. ಬೈಸಿಕೊಂಡವರು ಬಿಟ್ಟು ಬೇರೆ ಯಾರು ಕಂಪ್ಲೇಂಟ್ ಕೊಡುತ್ತಾರೆ? ಬೀಗತಿ ಎದುರಿಗೆ ನಗೆಚಾಟಿಕೆ ಮಾಡಿದರೂ ಒಳಗೆ ನೊಂದಿದ್ದಾರೆ. ಮಗಳನ್ನು ಕೊಟ್ಟ ಮನೆಯವರ ಮನಸ್ಸು ಮುರಿದೆನಲ್ಲ ಎಂದು ಅವ್ವ ಕುಗ್ಗಿಹೋದಳು. ಅವಳನ್ನು ಹಾಗೆ ನಾನು ಎಂದೂ ನೋಡಿರಲಿಲ್ಲ.

ಅತ್ತ ಗಲಗಲಿಯಲ್ಲಿ ಬೀಗತಿ ಯಾರೋ ನೆಂಟರಿಗೆ ತೋರಿಸಲೆಂದು ಫೋನು ಹಚ್ಚಿಸಿದಾಗ ವಿಡಿಯೋ ಇರಲಿಲ್ಲ. ಅವರಿಗೆ ಹೊಳೆದದ್ದು ಒಂದೇ. ಚಾನೆಲ್ ಬೀಗರದ್ದು, ಹಾಕಿದವರು ಅವರು, ತೆಗೆದವರೂ ಅವರೇ. ಕೊಟ್ಟ ಬೈಗುಳ ಹಿಂದಕ್ಕೆ ತೆಗೆದುಕೊಂಡರು ಅಂದರೆ ಸಂಬಂಧವೇ ಬೇಡವಾಯಿತು. ಹಿರಿಯ ಮಗಳು ಬ್ಯಾಂಕಿನಲ್ಲಿರುವವಳು, ಇಂಥ ಹಳ್ಳಿಯ ಬೀಗತಿ ನಮ್ಮವಳು ಎಂದು ತೋರಿಸಿಕೊಳ್ಳಲು ಅವಳಿಗೆ ನಾಚಿಕೆ ಬಂದಿರಬೇಕು. ಹೀಗೆ ಅವರ ತರ್ಕ. ತಂಗಿ ಎರಡೂ ಕಡೆ ಹೇಳಿ ಹೇಳಿ ದಣಿದಳು. ಅತ್ತೆಯನ್ನು ಕಾಪಾಡಲು ಹೀಗೆ ಹೇಳುತ್ತಾಳೆ ಎಂದು ಅವ್ವ, ತವರನ್ನು ಕಾಪಾಡಲು ಹೀಗೆ ಹೇಳುತ್ತಾಳೆ ಎಂದು ಅತ್ತೆ. ನಾನೇ ಫೋನ್ ಮಾಡಿ ಹೇಳುತ್ತೇನೆಂದು ಎದ್ದರೆ ಅವ್ವ ಕೈ ಹಿಡಿದಳು. "ಬೀಗರ ಮುಂದ ಸಾಕ್ಷಿ ಹೇಳಾಕ ಹೋಗಬ್ಯಾಡ. ಇದ್ದದ್ದೂ ಹೋಗತೈತಿ."

ಜಗಳವಾಗಿದ್ದರೆ ಎಷ್ಟೋ ಪಾಡಿತ್ತು. ಶುರುವಾದದ್ದು ಮರ್ಯಾದೆ. ಪಂಚಮಿಗೆ ಮಗಳನ್ನು ಕಳಿಸಿ ಎಂದು ಅವ್ವ ಫೋನಿನಲ್ಲಿ ಕೇಳಿದ ಧಾಟಿ ನನಗೆ ಇನ್ನೂ ನೆನಪಿದೆ. "ಆರಾಮ ಅದೀರ್ರಿ? ತಮ್ಮ ಮನ್ಯಾಗ ಎಲ್ಲಾರೂ ಆರಾಮ ಅದಾರ್ರಿ? ತಮಗ ಅಡಚಣಿ ಇಲ್ಲಾಂದ್ರ ಹುಡಿಗೀನ ಕಳಸಬೇಕ್ರಿ." ನಮ್ಮವ್ವನ ಬಾಯಲ್ಲಿ 'ತಮ್ಮ', 'ತಮಗ'! ಆಚೆಯಿಂದಲೂ ಅಷ್ಟೇ ನಯವಾದ ಉತ್ತರ. ಮೊದಲಾಗಿದ್ದರೆ, "ಏನವಾ ಬಾಯಿಬಡಕಿ, ಸತ್ತೀಯೋ ಬದುಕೀಯೋ" ಎಂದು ಶುರುವಾಗಬೇಕಿತ್ತು. ಅವ್ವ ತಪ್ಪಾಯಿತೆಂದು ತಗ್ಗಿ ನಡೆದಷ್ಟೂ ಬೀಗತಿ ಅದನ್ನು ದೂರ ಸರಿಸುವುದೆಂದು ತಿಳಿದು ಇನ್ನಷ್ಟು ಬಿಗಿದುಕೊಂಡರು. ತಂಗಿ ಪಂಚಮಿಗೆ ಬಂದಳು, ಉಂಡಿ ಕಟ್ಟಿದ್ದನ್ನು ಸರಿಯಾಗಿ ತಿನ್ನಲೂ ಇಲ್ಲ, ಹಬ್ಬದ ಮರುದಿನವೇ ಕರೆ ಬಂತೆಂದು ಹೊರಟಳು. ಮೊದಲ ಪಂಚಮಿಗೆ ಬಂದ ಮಗಳು ಹಾಗೆ ಹೋದದ್ದಕ್ಕೆ ಅವ್ವ ಅಡುಗೆಮನೆಯಲ್ಲಿ ಬೆನ್ನು ತಿರುಗಿಸಿ ನಿಂತಿದ್ದಳು.

ಆಮೇಲೆ ಅವಳು ಯಾರನ್ನೂ ಬೈಯಲಿಲ್ಲ. ತುಳಸಿ ಲಗ್ನ ಮುಗಿದು ಮದುವೆಗಳು ಶುರುವಾದಾಗ ನಮ್ಮ ಓಣಿಯ ಒಂದು ಮನೆಗೆ ಬಲವಂತದಿಂದ ಹೋದಳು. ಎದುರಿಗೆ ಹತ್ತಾರು ಫೋನುಗಳು ಮೇಲೆದ್ದವು. ಅವ್ವ ಅವನ್ನು ಒಮ್ಮೆ ನೋಡಿ, ಗಂಟಲು ಸರಿಮಾಡಿಕೊಂಡು, "ಬೀಗರು ಬಂದಾರ ಭಾಳ ಒಳ್ಳೇರ, ಊಟಕ ಕುಂತಾರ ಭಾಳ ಶಾಣ್ಯಾರ" ಎಂದು ಹಾಡಿದಳು. ಪಂಕ್ತಿಯಲ್ಲಿದ್ದವರು ಮುಖ ಮುಖ ನೋಡಿಕೊಂಡರು. ಆ ಬೀಗರಲ್ಲಿ ಒಬ್ಬ ಮುದುಕ ಎಲೆಯ ಮೇಲೆ ಕೈ ಹಿಡಿದು, "ಯಾಕವಾ ತಂಗಿ, ನಮ್ಮ ಕಡೆಯಿಂದ ಏನರ ತಪ್ಪಾಗೈತೇನು?" ಎಂದು ಗಾಬರಿಯಿಂದ ಕೇಳಿದ. ಇನ್ನೇನು ಹೇಳಲಿ? ಆ ಮನೆಯವರು ನಮ್ಮ ಮನೆಗೆ ಬಂದು ನನ್ನನ್ನೇ ತರಾಟೆಗೆ ತೆಗೆದುಕೊಂಡರು. ಅದೇ ಕೊನೆ, ಅವ್ವ ಮತ್ತೆ ಯಾರ ಮದುವೆಯಲ್ಲೂ ಬಾಯಿ ತೆರೆಯಲಿಲ್ಲ.

ಈ ನಡುವೆ ತಂಗಿ ಬಸುರಿಯಾಗಿದ್ದಳು. ಏಳನೆಯ ತಿಂಗಳಿಗೆ ಕುಬಸದ ಕಾರ್ಯ. ತವರಿನವರು ಹಸಿರು ಸೀರೆ, ಕುಬಸ, ಬುತ್ತಿ ತೆಗೆದುಕೊಂಡು ಹೋಗಿ ಉಡಿ ತುಂಬಿ, ಚೊಚ್ಚಲ ಬಾಣಂತನಕ್ಕೆಂದು ಮಗಳನ್ನು ಮನೆಗೆ ಕರೆತರುವುದು ವಾಡಿಕೆ. ದಿನ ಗೊತ್ತಾದ ಮೇಲೆ ತಂಗಿಯ ಫೋನ್ ಬಂತು. ಮಾತಿಗಿಂತ ಮೊದಲು ಅಳು.

"ಅಕ್ಕಾ, ಕುಬಸ ಮಾಡಿ ಹೋಗ್ರಿ ಅಂತಾರ. ಬಾಣಂತನ ಇಲ್ಲೇ ಮಾಡತೇವಿ, ಅವರಿಗ್ಯಾಕ ತ್ರಾಸ ಅಂತಾರ ಅತ್ತಿ. ಅಕ್ಕಾ, ನಾ ಅವ್ವನ ಕಡೆ ಬರಬೇಕು. ನನಗ ಅಂಜಿಕಿ ಆಗತೈತಿ."

ಚೊಚ್ಚಲಿಗೆ ಮಗಳನ್ನು ತವರಿಗೆ ಕಳಿಸುವುದಿಲ್ಲ ಎಂದರೆ ನಮ್ಮಲ್ಲಿ ಬಾಗಿಲು ಮುಚ್ಚಿದ ಹಾಗೆಯೇ. ಅವ್ವನಿಗೆ ಹೇಳಿದೆ. ಅವಳು ಜೋಳ ಹಸನು ಮಾಡುತ್ತಿದ್ದ ಮೊರವನ್ನು ಕೆಳಗಿಟ್ಟು, "ನನ್ನ ಬಾಯಿ ಸುಡಲಿ" ಎಂದಳು. ನನಗೆ ತಡೆಯಲಾಗಲಿಲ್ಲ, ಜೋರಾಗಿ ಅತ್ತೆ. ಎಲ್ಲೋ ಇರುವ ಒಂದು ಕಂಪ್ಯೂಟರು ಏನೋ ತಿಳಿದುಕೊಂಡಿದ್ದಕ್ಕೆ ನನ್ನ ತಂಗಿ ಅಂಜಿಕೊಂಡು ಹೆರಬೇಕೇ?

ಬನಹಟ್ಟಿಯಿಂದ ಹಸಿರು ಸೀರೆ ತಂದೆವು. ಕುಬಸದ ದಿನ ಅವ್ವ, ಚಿಕ್ಕವ್ವ, ನಾನು, ಓಣಿಯ ನಾಲ್ಕು ಹೆಂಗಸರು ಒಂದು ಗಾಡಿ ಮಾಡಿಕೊಂಡು ಹೊರಟೆವು. ಕಬ್ಬಿನ ಸುಗ್ಗಿ, ದಾರಿಯುದ್ದಕ್ಕೂ ಟ್ರ್ಯಾಕ್ಟರುಗಳು ಜೋಡಿ ಟ್ರೇಲರ್ ಎಳೆದುಕೊಂಡು ಅಡ್ಡ ಬರುತ್ತಿದ್ದವು. ಕರಿಗಡುಬು, ಎಣ್ಣೆಗಾಯಿ, ಸಜ್ಜೆರೊಟ್ಟಿಯ ಬುತ್ತಿಯನ್ನು ಅವ್ವ ತೊಡೆಯ ಮೇಲೇ ಇಟ್ಟುಕೊಂಡಿದ್ದಳು.

ಗಲಗಲಿಯ ಮನೆಯಲ್ಲಿ ನಮಗೆ ಸಿಕ್ಕ ಮರ್ಯಾದೆಯನ್ನು ಶತ್ರುವಿಗೂ ಬಯಸುವುದಿಲ್ಲ. ಕಾಲಿಗೆ ನೀರು, ಹೊಸ ಜಮಖಾನೆ, ಕೂಡಲೇ ಚಹಾ. "ಬರ್ರಿ, ಕುಂಡ್ರಿ, ದಾರಿಯೊಳಗ ತ್ರಾಸ ಆಗಲಿಲ್ಲಲ್ರಿ?" "ಇಲ್ರಿ, ಏನೂ ಆಗಲಿಲ್ರಿ." ನಡುಮನೆಯಲ್ಲಿ ಒಂದು ಸ್ಪೀಕರ್ ಸೀಮಂತದ ಸಿನಿಮಾ ಹಾಡು ಹಾಡುತ್ತಿತ್ತು, ನಮ್ಮ ಪರವಾಗಿ ಅದೇ ಎಲ್ಲ ಮಾತಾಡಿತು. ತಂಗಿಗೆ ಸೀರೆ ಉಡಿಸಿ, ಬಳೆ ತೊಡಿಸಿ, ಹೂ ಮುಡಿಸಿ ಕೂರಿಸಿದೆವು. ಅವಳ ಕಣ್ಣು ಅವ್ವನಿಂದ ಅತ್ತೆಗೆ, ಅತ್ತೆಯಿಂದ ಅವ್ವನಿಗೆ ಓಡಾಡುತ್ತಿತ್ತು. ಉಡಿ ತುಂಬಿ ಆರತಿ ಆಯಿತು. ಬೀಗತಿ ಎದ್ದು ನಿಂತು, ಬಹಳ ನಯವಾಗಿ, "ಊಟ ಮಾಡಿಕೊಂಡು ಹೋಗ್ರಿ. ಬಿಸಲಾಗತೈತಿ, ತಮಗ ಲಗೂನ ಹೋಗಾಕ ಅನುಕೂಲ" ಎಂದರು.

ಆ 'ತಮಗ' ಕೇಳಿ ನನ್ನ ತಾಳ್ಮೆ ಮುಗಿಯಿತು. ಹೋಗಿ ಸ್ಪೀಕರ್ ಬಂದ್ ಮಾಡಿದೆ.

"ಅತ್ತಿಯವರ, ನಾ ಒಂದು ಮಾತು ಕೇಳತೇನಿ, ಸಿಟ್ಟಾಗಬ್ಯಾಡ್ರಿ. ಆಗೂದಿದ್ರ ಆಗ್ರಿ. ಆ ವಿಡಿಯೋ ತಗಸಾಕ ನೀವು ಕಂಪ್ಲೇಂಟ್ ಕೊಟ್ಟೀರೇನು?"

ಅವ್ವ ನನ್ನ ಸೆರಗು ಜಗ್ಗಿದಳು. ನಾನು ಕೊಡವಿಕೊಂಡೆ. ಬೀಗತಿಯ ಹುಬ್ಬು ಮೇಲೇರಿತು. "ನಾನಽ? ನನ್ನ ಬೈದಿದ್ದನ್ನ ಇಡೀ ಊರಿಗೆ ತೋರಿಸಿಕೊಂಡು ತಿರಗ್ಯಾಡೇನಿ. ನಾ ಯಾಕ ಕಂಪ್ಲೇಂಟ್ ಕೊಡಲಿ? ತಗದಾಕಿ ನೀನು."

"ನಾ ತಗದಿಲ್ರಿ. ಇಲ್ಲಿ ನೋಡ್ರಿ." ಫೋನು ತೆಗೆದು ಆ ಒಕ್ಕಣೆಯನ್ನು ಎಲ್ಲರೆದುರು ಗಟ್ಟಿಯಾಗಿ ಓದಿದೆ. ನಾನು ಬೇಡಿಕೊಂಡು ಬರೆದದ್ದನ್ನು, ಅದಕ್ಕೆ ಬಂದ ಉತ್ತರವನ್ನು, ಎಲ್ಲ ಓದಿದೆ.

"ಹಂಗಾರ ತಗದವರು ಯಾರು?" ಎಂದರು ಬೀಗತಿ.

"ಯಂತ್ರ ತಗೀತ್ರಿ. ಬೈಗಳ ಕೇಳಿ, ನಿಮಗ ನಾವು ತ್ರಾಸ ಕೊಡಾಕತ್ತೇವಿ ಅಂತ ತಿಳಕೊಂತು."

"ಬೀಗರ ನಡಕ ಬಾಯಿ ಹಾಕಾಕ ಅದ್ಯಾವ ಹಿರ್ಯಾ?" ಎಂದು ಅವರು ಫೋನಿನತ್ತ ಕಣ್ಣು ಬಿಟ್ಟರು. ಆಮೇಲೆ ಅವ್ವನ ಕಡೆ ತಿರುಗಿದರು. ಅವರ ದನಿ ಸಣ್ಣದಾಗಿತ್ತು. "ಮತ್ತ ನೀವು ಇಷ್ಟ ದಿನ ತಮ್ಮ, ತಮಗ ಅನಕೋತ, ಪರಕೀಯರ ಹಂಗ ಯಾಕ ಮಾತಾಡಿದ್ರಿ? ನಾ ಏನ ತಿಳಕೋಬೇಕು?"

"ನೀವು ನೊಂದೀರಿ ಅಂತ ತಿಳಕೊಂಡೆ ಯಕ್ಕಾ" ಎಂದಳು ಅವ್ವ. "ಮಗಳನ್ನ ಕಳಸ್ರಿ. ಇನ್ನ ಮ್ಯಾಲ ಬೈಯೂದಿಲ್ಲ."

ತಿಂಗಳುಗಟ್ಟಲೆ ತಡೆದಿಟ್ಟ ಅಳು ಅವಳಿಗೆ ಆಗ ಬಂತು. ಹೆಂಗಸರೆಲ್ಲ ಸುತ್ತುಗಟ್ಟಿದರು. ಬೀಗತಿ ಅವರನ್ನು ಸರಿಸಿ ಬಂದು ಅವ್ವನ ಎದುರು ಚಕ್ಕಳ ಮಕ್ಕಳ ಹಾಕಿ ಕೂತರು.

"ಅಳೂದು ಆಮ್ಯಾಲ ಅಳುವಿಯಂತ. ಬೈಯೂದಿಲ್ಲಂದ್ರ ಹುಡಿಗೀನ ಕಳಸೂದಿಲ್ಲ. ಈಗ ಇಲ್ಲೇ ಬೈ, ಕರಕೊಂಡು ಹೋಗು."

ಅವ್ವ ಮೂಗೊರೆಸಿಕೊಂಡಳು. ಬಾಯಿ ತೆರೆದಳು, "ಹೊಳಿದಂಡಿ ಬೀಗತಿ..." ಎಂದವಳು ಅಲ್ಲೇ ನಿಂತಳು. ಸುತ್ತ ನಿಂತ ಸೊಸೆಯಂದಿರು, ಹುಡುಗಿಯರು ಫೋನು ಎತ್ತಿ ಹಿಡಿದಿದ್ದರು. ಅವ್ವನ ಕಣ್ಣು ಒಂದೊಂದೇ ಫೋನಿನ ಮೇಲೆ ಹೋಯಿತು. ಯಾರಿಗೆ ಬೇಡ ಅನ್ನಬೇಕೋ ನನಗೂ ತಿಳಿಯಲಿಲ್ಲ. ತಂಗಿ ಎರಡೂ ಕೈ ಹೊಟ್ಟೆಯ ಮೇಲೆ ಇಟ್ಟುಕೊಂಡು ಕೂತಿದ್ದಳು.

ಬೀಗತಿ ಅವ್ವನ ಗದ್ದ ಹಿಡಿದು ತಮ್ಮ ಕಡೆ ತಿರುಗಿಸಿಕೊಂಡರು. "ಅವನ್ನೇನ ನೋಡತಿ? ಬೈಬೇಕಾದದ್ದು ನನಗ. ನನ್ನ ನೋಡು."

ಅವ್ವ ನೋಡಿದಳು. ನೋಡುತ್ತ ನೋಡುತ್ತ ಅವಳ ಮುಖ ಮೊದಲಿನಂತಾಗುವುದನ್ನು ನಾನು ಕಂಡೆ. ಸೆರಗು ಸೊಂಟಕ್ಕೆ ಹೋಯಿತು.

"ಹೊಳಿದಂಡಿ ಬೀಗತಿ ಭಾರಿ ಜಾಣಾಕಿ,
ಕೂಸಿಗಿಟ್ಟ ಹಾಲ ತಾನ ಕುಡಿಯಾಕಿ,
ತೊಟ್ಟಿಲ ತೂಗಂದ್ರ ತಾನ ಮಲಗಾಕಿ!"

ಮನೆ ಹಾರಿಹೋಗುವಂಥ ನಗು ಎದ್ದಿತು. ಬೀಗತಿಯ ಮುಖದಲ್ಲಿ ಮಾತ್ರ ಏನೂ ಇಲ್ಲ. ಮೊಣಕಾಲಿಗೆ ಕೈಕೊಟ್ಟು ಎದ್ದು, ಸೀರೆಯ ನಿರಿಗೆ ಸರಿಮಾಡಿಕೊಂಡು, ಸೊಸೆಯತ್ತ ತಿರುಗಿದರು.

"ಏಳವಾ" ಎಂದರು. "ಸೀರಿ, ಔಷಧಿ ಎಲ್ಲಾ ಚೀಲಕ್ಕ ತುಂಬಕೋ. ನಿಮ್ಮವ್ವ ಕರಿಯಾಕ ಬಂದಾಳ."